ವಲಸೆಯ ಕ್ಷೇತ್ರಕಾರ್ಯ: ಬರಿಗೈಲಿ ವಾಪಸಾಗದಂತೆ ಮಾಡುವುದು ಹೇಗೆ?

ವಲಸೆಯ ಬಗ್ಗೆ ಕ್ಷೇತ್ರಕಾರ್ಯಕ್ಕೆ, ಅಂದರೆ ಜನರಿರುವಲ್ಲಿಗೇ ಹೋಗಿ ಮಾಡುವ ಅಧ್ಯಯನಕ್ಕೆ, ಹೊರಟು ಎಂಬತ್ತು ಸಂದರ್ಶನ ಮುಗಿಸಿಕೊಂಡು ಬಂದವರು ಬರೆಯಲು ಕೂತಾಗ ಒಂದು ಪುಟವೂ ಮುಂದೆ ಸಾಗದೆ ಒದ್ದಾಡುವುದನ್ನು ಮೇಲಿಂದ ಮೇಲೆ ನೋಡುತ್ತಿದ್ದೇನೆ. ರೆಕಾರ್ಡಿಂಗ್ ಇರುತ್ತದೆ, ಅಕ್ಷರಕ್ಕಿಳಿಸಿದ ಹಾಳೆಗಳ ಕಟ್ಟೂ ಇರುತ್ತದೆ. ಆದರೆ ಯಾವ ಹಾಳೆ ತೆಗೆದರೂ ಒಂದೇ ಉತ್ತರ: "ಊರಲ್ಲಿ ಕೆಲಸ ಇರಲಿಲ್ಲ, ಹೊಟ್ಟೆಪಾಡಿಗೆ ಬಂದ್ವಿ." ಅವರು ಹೇಳಿದ್ದರಲ್ಲಿ ಸುಳ್ಳೇನೂ ಇಲ್ಲ. ಅಷ್ಟೇ ಕಷ್ಟದಲ್ಲಿದ್ದ ಪಕ್ಕದ ಮನೆಯವರು ಯಾಕೆ ಹೊರಡಲಿಲ್ಲ, ಅಣ್ಣ ಉಳಿದು ತಮ್ಮ ಯಾಕೆ ಹೊರಟ, ಹತ್ತಿರದ ಊರು ಬಿಟ್ಟು ದೂರದ ಊರನ್ನೇ ಯಾಕೆ ಹಿಡಿದ ಎಂಬುದಕ್ಕೆ ಮಾತ್ರ ಆ ಉತ್ತರದಲ್ಲಿ ಏನೂ ಸಿಗುವುದಿಲ್ಲ.

ತಪ್ಪು ಉತ್ತರ ಕೊಟ್ಟವರದ್ದಲ್ಲ, ಕೆಲಸದ ಕ್ರಮದ್ದು. ಕೊನೆಗೆ ಮಾಡಬೇಕಾದ ಸಂದರ್ಶನವನ್ನು ಮೊದಲು ಮಾಡಿರುತ್ತಾರೆ. ಅಭಿಪ್ರಾಯ ಕೇಳಿರುತ್ತಾರೆ, ನಡೆದದ್ದನ್ನು ಕೇಳಿರುವುದಿಲ್ಲ. ವಲಸೆಯ ಒಂದು ತುದಿ ಮಾತ್ರ ನೋಡಿರುತ್ತಾರೆ. ಈ ಮೂರು ತಪ್ಪು ತಪ್ಪಿಸುವ ಕ್ರಮವನ್ನು ಇಲ್ಲಿ ಬರೆದಿದ್ದೇನೆ. ಹಂತಗಳನ್ನು ಹಿಂದುಮುಂದು ಮಾಡಬೇಡಿ. ಐದನೆಯದನ್ನು ಬಿಟ್ಟು ಏಳನೆಯದಕ್ಕೆ ಹಾರಿದವರೇ ಹೆಚ್ಚಾಗಿ ಬರಿಗೈಲಿ ಬರುವುದು.

ಹಂತ 1: ಪ್ರಶ್ನೆಯನ್ನು ಕಣ್ಣಿಗೆ ಕಾಣುವಷ್ಟು ಸಣ್ಣದು ಮಾಡಿ

"ವಲಸೆಯಿಂದ ಸಂಸ್ಕೃತಿಯ ಮೇಲಾಗುವ ಪರಿಣಾಮ" ಎಂಬ ವಿಷಯ ಹಿಡಿದು ಹೊರಟರೆ ಕಂಡದ್ದೆಲ್ಲ ವಿಷಯಕ್ಕೆ ಸೇರಿದ್ದೇ ಅನಿಸುತ್ತದೆ. ಕೊನೆಗೆ ಯಾವುದನ್ನೂ ಪೂರ್ತಿ ನೋಡಿರುವುದಿಲ್ಲ.

ಪ್ರಶ್ನೆ ಸಾಕಷ್ಟು ಸಣ್ಣದಾಗಿದೆಯೇ ಎಂದು ತಿಳಿಯಲು ಒಂದು ಪರೀಕ್ಷೆ ಇದೆ. ಅದರ ಉತ್ತರ ನಡೆಯುವುದನ್ನು ಯಾವ ಜಾಗದಲ್ಲಿ, ಯಾವ ಹೊತ್ತಿನಲ್ಲಿ ನಿಂತು ನೋಡಬಹುದು ಎಂದು ಹೇಳಲು ನಿಮಗೆ ಆಗಬೇಕು. "ಕುಟುಂಬದಲ್ಲಿ ಅಧಿಕಾರ ಹೇಗೆ ಬದಲಾಗುತ್ತದೆ" ಎಂಬುದನ್ನು ಎಲ್ಲಿ ನಿಂತು ನೋಡುತ್ತೀರಿ? "ದುಡಿಯಲು ಹೋದವನು ಕಳಿಸಿದ ಹಣ ಮನೆಯಲ್ಲಿ ಯಾರ ಕೈಗೆ ಹೋಗುತ್ತದೆ, ಎಲ್ಲಿ ಖರ್ಚು ಮಾಡಬೇಕೆಂದು ಯಾರು ತೀರ್ಮಾನಿಸುತ್ತಾರೆ" ಎಂದು ಕೇಳಿಕೊಂಡರೆ ನೋಡುವ ಜಾಗವೂ ಹೊತ್ತೂ ಸಿಗುತ್ತದೆ: ಹಣ ಬಂದ ದಿನ, ಆ ಮನೆ.

ಹೊರಡುವ ಮೊದಲು ನಿಮ್ಮ ಊಹೆಯನ್ನು ಒಂದು ಹಾಳೆಯಲ್ಲಿ ಬರೆದು, ದಿನಾಂಕ ಹಾಕಿ ಎತ್ತಿಡಿ. ಮೂರು ತಿಂಗಳ ನಂತರ ತೆಗೆದು ಓದಿ. ಊಹೆಯ ಒಂದು ಸಾಲೂ ಅಲುಗಾಡಿಲ್ಲ ಎಂದರೆ ಎಚ್ಚರವಾಗಿ. ನೀವು ಮೊದಲೇ ನಂಬಿದ್ದಕ್ಕೆ ಸಾಕ್ಷಿ ಕೂಡಿಸುತ್ತಾ ಕೂತಿದ್ದೀರಿ.

ಹಂತ 2: ಎರಡೂ ತುದಿಯನ್ನು ಕ್ಷೇತ್ರವೆಂದು ಗುರುತಿಸಿ

ಇಲ್ಲಿಗೆ ವಲಸೆ ಬಂದವನು ಇನ್ನೊಂದು ಕಡೆಯಿಂದ ವಲಸೆ ಹೋದವನು. ಅಲ್ಜೀರಿಯಾದಿಂದ ಫ್ರಾನ್ಸಿಗೆ ಹೋದವರನ್ನು ಜೀವಮಾನವಿಡೀ ಅಧ್ಯಯನ ಮಾಡಿದ ಸಮಾಜಶಾಸ್ತ್ರಜ್ಞ ಅಬ್ದೆಲ್ ಮಾಲೆಕ್ ಸಯಾದ್ ಒತ್ತಿ ಹೇಳಿದ್ದು ಇದನ್ನೇ. ಬಂದ ಊರಿನಲ್ಲಿ ಮಾತ್ರ ನಿಂತು ನೋಡುವವನಿಗೆ ಆ ಮನುಷ್ಯನ ಬದುಕು ಅರ್ಧದಿಂದ ಶುರುವಾದಂತೆ ಕಾಣುತ್ತದೆ. ಅವನು ಬಿಟ್ಟುಬಂದ ಮನೆಯಲ್ಲಿ ಅವನ ಗೈರುಹಾಜರಿಯೂ ದಿನಾ ಕೆಲಸ ಮಾಡುತ್ತಿರುತ್ತದೆ. ಅದನ್ನು ಅಲ್ಲಿಗೇ ಹೋಗಿ ನೋಡಬೇಕು.

ಹಲವು ಜಾಗಗಳಲ್ಲಿ ಹರಡಿಕೊಂಡ ವಿಷಯವನ್ನು ಹೇಗೆ ಬೆನ್ನುಹತ್ತಬಹುದು ಎಂದು ಮಾನವಶಾಸ್ತ್ರಜ್ಞ ಜಾರ್ಜ್ ಮಾರ್ಕಸ್ 1995ರಲ್ಲಿ ವಿವರಿಸಿದರು. ಜನರನ್ನು ಹಿಂಬಾಲಿಸಬಹುದು, ವಸ್ತುವನ್ನು ಹಿಂಬಾಲಿಸಬಹುದು, ಒಂದು ಜಗಳವನ್ನೋ ಒಬ್ಬರ ಜೀವನಕಥೆಯನ್ನೋ ಹಿಂಬಾಲಿಸಬಹುದು. ವಲಸೆಯ ಕೆಲಸಕ್ಕೆ ಹೊಸಬರಾದವರಿಗೆ ನನ್ನ ಸಲಹೆ: ಹಣ ಅಥವಾ ಒಬ್ಬ ಮನುಷ್ಯ, ಎರಡರಲ್ಲಿ ಒಂದನ್ನು ಹಿಡಿಯಿರಿ. ಎರಡೂ ಸುಲಭವಾಗಿ ಕೈತಪ್ಪುವುದಿಲ್ಲ.

ಆರು ತಿಂಗಳಿದ್ದರೆ ದುಡಿಮೆಯ ಜಾಗದಲ್ಲಿ ಎರಡು, ಹುಟ್ಟೂರಲ್ಲಿ ಎರಡು, ಮತ್ತೆ ದುಡಿಮೆಯ ಜಾಗದಲ್ಲಿ ಒಂದು ಎಂದು ಹಂಚಿಕೊಳ್ಳಿ. ಕೊನೆಯ ತಿಂಗಳನ್ನು ಖಾಲಿ ಬಿಡಿ, ಅದು ತಾನಾಗಿಯೇ ತುಂಬುತ್ತದೆ. ಈ ಹಂಚಿಕೆಯಲ್ಲಿ ಮುಖ್ಯವಾದದ್ದು ಮೊದಲ ಜಾಗಕ್ಕೆ ವಾಪಸಾಗುವುದು. ಅವರ ಮನೆ, ಅವರ ಅಪ್ಪ ಅಮ್ಮನನ್ನು ಕಂಡು ಬಂದವರ ಜೊತೆ ಜನ ಆಡುವ ಮಾತೇ ಬೇರೆ.

ಸಾಧ್ಯವಿದ್ದರೆ ಒಮ್ಮೆಯಾದರೂ ಊರಿಗೆ ಹೊರಟವರ ಜೊತೆ ಪ್ರಯಾಣ ಮಾಡಿ. ಒಬ್ಬ ಗಾರೆ ಕೆಲಸದವನ ಜೊತೆ ಹೀಗೆ ಹೊರಟಿದ್ದೆ. ಅವನ ಸೊಂಟದ ಉಡಿದಾರದಲ್ಲಿ ಒಂದು ಬೀಗದ ಕೈ ಕಟ್ಟಿತ್ತು. ಎರಡು ತಿಂಗಳು ದಿನಾ ಅವನನ್ನು ನೋಡಿದ್ದರೂ ಅದು ಶೆಡ್ಡಿನ ಪೆಟ್ಟಿಗೆಯದ್ದು ಅಂದುಕೊಂಡಿದ್ದೆ. ಊರಿನಲ್ಲಿ ಇಳಿದ ಮೇಲೆ ಅವನು ಅದೇ ಬೀಗದ ಕೈಯಿಂದ ಬಾಗಿಲು ತೆಗೆದ. ಒಳಗೆ ಯಾರೂ ಇರಲಿಲ್ಲ. ಹೆಂಡತಿ ಮಕ್ಕಳು ಅವಳ ತವರಿನಲ್ಲಿದ್ದರು. ವರ್ಷಕ್ಕೆ ಹತ್ತು ದಿನ ಮಾತ್ರ ತೆರೆಯುವ ಆ ಮನೆಗೆ ಅವನು ಪ್ರತಿವರ್ಷ ಸುಣ್ಣ ಹೊಡೆಸುತ್ತಿದ್ದ. "ಊರಲ್ಲಿ ಮನೆ ಇದೆ" ಎಂದು ಅವನು ನೂರು ಸಲ ಹೇಳಿದ್ದ ಮಾತು ಏನೆಂದು ನನಗೆ ಅರ್ಥವಾದದ್ದು ಆ ಬಾಗಿಲ ಮುಂದೆ.

ಹುಟ್ಟೂರಿಗೆ ಹೋದಾಗ ಹೋಗದೆ ಉಳಿದವರನ್ನೂ ಹೋಗಿ ಮರಳಿದವರನ್ನೂ ಬಿಡದೆ ಮಾತಾಡಿಸಿ. ವಲಸೆಯ ಪ್ರತಿ ಹರಿವಿಗೂ ಒಂದು ಮರುಹರಿವು ಇದ್ದೇ ಇರುತ್ತದೆ ಎಂದು ಭೂಗೋಳಶಾಸ್ತ್ರಜ್ಞ ರಾವೆನ್‌ಸ್ಟೀನ್ 1885ರಲ್ಲೇ ಗುರುತಿಸಿದ್ದರು. ಆದರೂ ಸಂಶೋಧಕರ ಪಟ್ಟಿಯಲ್ಲಿ ಮರಳಿದವರು ಇರುವುದೇ ಕಡಿಮೆ.

ಹಂತ 3: ಒಪ್ಪಿಗೆ ಪಡೆಯಿರಿ, ಯಾರ ಮೂಲಕ ಎಂಬುದರಲ್ಲಿ ಹುಷಾರಾಗಿರಿ

ಕೆಲಸಗಾರರ ಬಳಿಗೆ ಹೋಗಲು ಸುಲಭದ ದಾರಿ ಮೇಸ್ತ್ರಿ ಅಥವಾ ಗುತ್ತಿಗೆದಾರ. ಅಪಾಯದ ದಾರಿಯೂ ಅದೇ. ಅವನೇ ನಿಮ್ಮನ್ನು ಕರೆದುಕೊಂಡು ಹೋಗಿ ಪರಿಚಯ ಮಾಡಿಸಿದರೆ ನೀವು ಅವನ ಕಡೆಯವರೆಂದು ಜನ ಆಗಲೇ ತೀರ್ಮಾನಿಸಿರುತ್ತಾರೆ. ಅವರು ಕೊಡುವ ಒಪ್ಪಿಗೆಯೂ ಅವನಿಗೆ ಹೆದರಿ ಕೊಟ್ಟದ್ದಾಗಿರಬಹುದು.

ನಾನು ಹೊಸಬನಾಗಿದ್ದಾಗ ಗುತ್ತಿಗೆದಾರ ಹತ್ತಡಿ ದೂರದಲ್ಲಿ ಕೂತಿದ್ದಾಗಲೇ ಒಬ್ಬರನ್ನು ಕೂಲಿ ಬಾಕಿಯ ಬಗ್ಗೆ ಕೇಳಿಬಿಟ್ಟೆ. ಅವರು ನಿಜ ಹೇಳಿದರು. ವಾರ ಕಳೆಯುವುದರೊಳಗೆ ಅವರನ್ನು ಕೆಲಸದಿಂದ ಬಿಡಿಸಿದರು. ನನಗೆ ಸಿಕ್ಕಿದ್ದು ಎರಡು ಪುಟ ಟಿಪ್ಪಣಿ, ಅವರು ಕಳೆದುಕೊಂಡದ್ದು ಒಂದು ಋತುವಿನ ದುಡಿಮೆ. ಆ ಟಿಪ್ಪಣಿಯನ್ನು ನಾನು ಎಲ್ಲಿಯೂ ಬಳಸಲಿಲ್ಲ. ಯಾರಿಗೂ ಕೇಡಾಗದಂತೆ ನೋಡಿಕೊಳ್ಳುವುದು ಮಾನವಶಾಸ್ತ್ರದ ವೃತ್ತಿ ನೀತಿಯ ಮೊದಲ ಮಾತು. ಕ್ಷೇತ್ರದಲ್ಲಿ ಅದು ಇಂಥ ಸಣ್ಣ ಹೊತ್ತುಗಳಲ್ಲೇ ಉಳಿಯುವುದು ಅಥವಾ ಮುರಿಯುವುದು.

ಆದ್ದರಿಂದ ಹೀಗೆ ಮಾಡಿ. ಮೇಲಿನವರ ಅನುಮತಿ ಬೇಕೇ ಬೇಕಾದರೆ ಪಡೆಯಿರಿ, ಆದರೆ ಜನರ ಬಳಿಗೆ ಬೇರೆ ಹೊತ್ತಿನಲ್ಲಿ, ಬೇರೆ ಜಾಗದಲ್ಲಿ, ಒಬ್ಬರೇ ಹೋಗಿ ಮತ್ತೆ ಕೇಳಿ. ನೀವು ಯಾರು, ಯಾಕೆ ಬಂದಿದ್ದೀರಿ, ಬರೆದದ್ದನ್ನು ಯಾರು ಓದುತ್ತಾರೆ, ಇದರಿಂದ ಅವರಿಗೆ ನೇರ ಲಾಭವಿಲ್ಲ ಎಂಬುದನ್ನು ಆಡುಮಾತಿನಲ್ಲಿ ಹೇಳಿ. "ನಿಮ್ಮ ಕಷ್ಟ ಸರ್ಕಾರಕ್ಕೆ ಮುಟ್ಟಿಸುತ್ತೇನೆ" ಎಂಬ ಭರವಸೆ ಬೇಡ. ಬೇಡ ಅನ್ನಲು ಅವರಿಗೆ ಸಲೀಸಾಗಬೇಕು. ಹಾಗಾಗಿ ಕೇಳಿದ ದಿನವೇ ಉತ್ತರ ಬೇಕೆನ್ನಬೇಡಿ.

ಸಹಿ ಮಾಡಿದ ಒಪ್ಪಿಗೆ ಪತ್ರ ಎಲ್ಲ ಕಡೆಯೂ ಒಳ್ಳೆಯದಲ್ಲ. ಕಾಗದಪತ್ರ ಸರಿಯಿಲ್ಲದೆ ಗಡಿ ದಾಟಿ ಬಂದವರಿಗೆ ಸಹಿ ಇರುವ ಹಾಳೆ ತಮ್ಮ ವಿರುದ್ಧದ ದಾಖಲೆಯೂ ಆಗಬಹುದು. ಅಂಥ ಕಡೆ ಬಾಯಿಮಾತಿನ ಒಪ್ಪಿಗೆ ಸಾಕು ಎಂದು ಸಂಶೋಧನೆಯ ನೈತಿಕತೆ ನೋಡಿಕೊಳ್ಳುವ ನಿಮ್ಮ ಸಂಸ್ಥೆಯ ನೀತಿ ಸಮಿತಿಗೆ ಮೊದಲೇ ಬರೆದು ಒಪ್ಪಿಸಿಕೊಳ್ಳಿ. ಯಾರ ಬಳಿ ಯಾವ ದಾಖಲೆ ಇದೆ, ಯಾವ ದಾರಿಯಲ್ಲಿ ಬಂದರು ಎಂಬುದು ನಿಮ್ಮ ಪ್ರಶ್ನೆಗೆ ಬೇಕಿಲ್ಲದಿದ್ದರೆ ಕೇಳಲೂಬೇಡಿ. ತಾವಾಗಿ ಹೇಳಿದರೆ ಕೇಳಿಸಿಕೊಳ್ಳಿ, ಬರೆದುಕೊಳ್ಳಬೇಡಿ.

ಹಂತ 4: ಸಲಕರಣೆ ಕಡಿಮೆ ಇರಲಿ

ಕಿಸೆಗೆ ಹೋಗುವ ಸಣ್ಣ ಪುಸ್ತಕ, ಎರಡು ಪೆನ್ನು, ರಾತ್ರಿ ಬರೆಯಲು ದಪ್ಪ ನೋಟ್‌ಬುಕ್ ಅಥವಾ ಲ್ಯಾಪ್‌ಟಾಪ್, ಪಾಸ್‌ವರ್ಡ್ ಹಾಕಿದ ಫೋನು, ವಂಶಾವಳಿ ಬರೆಯಲು ದೊಡ್ಡ ಹಾಳೆಗಳು. ಇಷ್ಟು ಸಾಕು. ರೆಕಾರ್ಡರ್ ಮೊದಲ ತಿಂಗಳು ಚೀಲದಲ್ಲೇ ಇರಲಿ. ಕ್ಯಾಮೆರಾ ಇನ್ನೂ ತಡವಾಗಿ ಹೊರಬರಲಿ.

ಸಲಕರಣೆಗಿಂತ ಮುಖ್ಯವಾದದ್ದು ಭಾಷೆ. ಅವರ ಮನೆಮಾತು ಬರದಿದ್ದರೆ ಕಲಿಯಲು ಶುರು ಮಾಡಿ. ದುಭಾಷಿ ಬೇಕಾದರೆ ಅದೇ ಗುಂಪಿನ ಮುಖಂಡನ ಮಗನನ್ನೋ ತಮ್ಮನನ್ನೋ ಇಟ್ಟುಕೊಳ್ಳಬೇಡಿ.

ಹಂತ 5: ಮೊದಲ ಎರಡು ವಾರ ಸಂದರ್ಶನ ಬೇಡ

ಈ ಹದಿನೈದು ದಿನ ಸುಮ್ಮನೆ ಕಳೆದುಹೋಗುತ್ತಿದೆ ಎಂಬ ಆತಂಕ ಎಲ್ಲರಿಗೂ ಇರುತ್ತದೆ. ಅದನ್ನು ತಡೆದುಕೊಳ್ಳಿ. ಮಾಡಬೇಕಾದ ಕೆಲಸ ಮೂರಿದೆ.

ಮೊದಲನೆಯದು ನಕ್ಷೆ. ವಾಸದ ಜಾಗವನ್ನು ಕಾಲ್ನಡಿಗೆಯಲ್ಲಿ ಸುತ್ತಿ ಕೈಯಲ್ಲೇ ಬರೆಯಿರಿ. ನೀರು ಎಲ್ಲಿ, ಶೌಚಾಲಯ ಎಲ್ಲಿ, ಹೆಂಗಸರು ಕೂರುವ ಜಾಗ ಎಲ್ಲಿ, ಫೋನ್ ಸಿಗ್ನಲ್ ಸಿಗುವ ಮೂಲೆ ಯಾವುದು. ಯಾವ ಬಾಗಿಲು ಯಾವ ಬಾಗಿಲಿಗೆ ಎದುರಾಗಿದೆ ಎಂಬುದನ್ನೂ ಬರೆಯಿರಿ. ಒಂದೇ ಊರಿನವರು ಒಂದೇ ಸಾಲಿನಲ್ಲಿದ್ದಾರೆಯೇ, ಯಾರನ್ನಾದರೂ ತುದಿಗೆ ಹಾಕಿದ್ದಾರೆಯೇ ಎಂಬುದು ನಕ್ಷೆಯಲ್ಲಿ ಮೊದಲು ಕಾಣುತ್ತದೆ, ಬಾಯಲ್ಲಿ ತಡವಾಗಿ ಬರುತ್ತದೆ.

ಎರಡನೆಯದು ಮನೆಪಟ್ಟಿ. ಪ್ರತಿ ಮನೆಯಲ್ಲಿ ಯಾರಿದ್ದಾರೆ, ಎಲ್ಲಿಂದ ಬಂದರು, ಯಾವ ವರ್ಷ ಬಂದರು, ಮೊದಲು ಯಾರ ಬಳಿ ಇಳಿದುಕೊಂಡರು. ಇಲ್ಲಿ ಎಲ್ಲರೂ ಮಾಡುವ ಒಂದು ತಪ್ಪಿದೆ: ಒಂದೇ ಒಲೆಯಲ್ಲಿ ಉಣ್ಣುವವರನ್ನು ಒಂದೇ ಕುಟುಂಬ ಎಂದು ಬರೆದುಬಿಡುವುದು. ಒಂದು ಕೋಣೆಯಲ್ಲಿ ಆರು ಜನ ಒಟ್ಟಿಗೆ ಉಂಡರೂ ಅವರ ದುಡ್ಡು ಆರು ಬೇರೆ ಮನೆಗಳಿಗೆ ಹೋಗುತ್ತಿರಬಹುದು. ಆದ್ದರಿಂದ ಪಟ್ಟಿಯಲ್ಲಿ ಮೂರು ಕಲಂ ಇರಲಿ: ಎಲ್ಲಿ ಮಲಗುತ್ತಾರೆ, ಯಾರ ಜೊತೆ ಉಣ್ಣುತ್ತಾರೆ, ದುಡ್ಡು ಎಲ್ಲಿಗೆ ಕಳಿಸುತ್ತಾರೆ. ಮೂರೂ ಒಂದಕ್ಕೊಂದು ಹೊಂದದ ಮನೆಗಳ ಪಕ್ಕ ಚುಕ್ಕೆ ಹಾಕಿ. ನಿಮ್ಮ ಅಧ್ಯಯನದ ಅತಿ ಒಳ್ಳೆಯ ಮಾತುಕತೆಗಳು ಅಲ್ಲಿಂದ ಬರುತ್ತವೆ.

ಮೂರನೆಯದು ಅವರ ದಿನಚರಿ ಮತ್ತು ವರ್ಷಚರಿ. ಯಾವ ಹೊತ್ತಿಗೆ ಏಳುತ್ತಾರೆ, ರಜೆ ಯಾವಾಗ, ವರ್ಷದಲ್ಲಿ ಯಾವ ತಿಂಗಳು ಅರ್ಧ ಜನ ಊರಿಗೆ ಹೋಗುತ್ತಾರೆ. ಇದು ತಿಳಿಯದೆ ಯೋಜನೆ ಹಾಕಿದವರು ಜಾಗ ಖಾಲಿಯಾಗುವ ತಿಂಗಳಲ್ಲೇ ಹೋಗಿ ನಿಲ್ಲುತ್ತಾರೆ.

ಹಂತ 6: ವಂಶಾವಳಿ ಬರೆಯಿರಿ

ಮಾನವಶಾಸ್ತ್ರಜ್ಞ ರಿವರ್ಸ್ 1898ರಲ್ಲಿ ಆಸ್ಟ್ರೇಲಿಯಾದ ಉತ್ತರಕ್ಕಿರುವ ಟಾರೆಸ್ ಜಲಸಂಧಿಯ ದ್ವೀಪಗಳಿಗೆ ಹೋದಾಗ ರೂಪಿಸಿ, 1910ರಲ್ಲಿ ವಿವರವಾಗಿ ಬರೆದ ಈ ವಿಧಾನ ಹಳೆಯದಾಯಿತೆಂದು ಕೈಬಿಟ್ಟವರು ದೊಡ್ಡ ನಷ್ಟ ಮಾಡಿಕೊಳ್ಳುತ್ತಿದ್ದಾರೆ. ವಲಸೆಯ ಅಧ್ಯಯನಕ್ಕೆ ಇದರಷ್ಟು ಹೊಂದುವ ಸಾಧನ ನನಗಂತೂ ಬೇರೆ ಕಂಡಿಲ್ಲ.

ದೊಡ್ಡ ಹಾಳೆ ಹರಡಿ, ಗಂಡಿಗೆ ತ್ರಿಕೋನ, ಹೆಣ್ಣಿಗೆ ವೃತ್ತ, ಮದುವೆಗೆ ಜೋಡಿ ಗೆರೆ. ಅಜ್ಜ ಅಜ್ಜಿಯರಿಂದ ಕೆಳಗಿಳಿಯಿರಿ. ಪ್ರತಿಯೊಬ್ಬರ ಪಕ್ಕ ಎರಡೇ ವಿವರ: ಹುಟ್ಟಿದ್ದು ಎಲ್ಲಿ, ಈಗ ಇರುವುದು ಅಥವಾ ತೀರಿಕೊಂಡದ್ದು ಎಲ್ಲಿ. ನಡುವೆ ಬೇರೆ ಕಡೆ ದುಡಿಯಲು ಹೋಗಿದ್ದರೆ ಬಣ್ಣದ ಪೆನ್ನಿನಲ್ಲಿ ಆ ಊರು. ಹಾಳೆಯನ್ನು ಮಧ್ಯದಲ್ಲಿಟ್ಟು ಮನೆಯವರೆಲ್ಲ ಸುತ್ತ ಕೂರುವಂತೆ ನೋಡಿಕೊಳ್ಳಿ. ಒಬ್ಬರು ಮರೆತದ್ದನ್ನು ಇನ್ನೊಬ್ಬರು ನೆನಪಿಸುತ್ತಾರೆ, ತಪ್ಪು ತಿದ್ದುತ್ತಾರೆ, ಜಗಳವಾಡುತ್ತಾರೆ.

ಹಾಳೆ ಮುಗಿದಾಗ ಎರಡು ಸಂಗತಿ ಎದ್ದು ಕಾಣುತ್ತದೆ. ದೂರದ ಊರಿಗೆ ಜನ ಯಾರ ಬೆನ್ನು ಹಿಡಿದು ಹೋದರು ಎಂಬ ಸರಪಳಿ ಒಂದು. ಎಷ್ಟೋ ಸಲ ಅದು ಅಣ್ಣತಮ್ಮಂದಿರ ಸಾಲನ್ನು ಬಿಟ್ಟು ಹೆಂಡತಿಯ ಕಡೆಯಿಂದ, ಸೋದರಮಾವನ ಕಡೆಯಿಂದ ಸಾಗಿರುತ್ತದೆ. ಎರಡನೆಯದು, ಮದುವೆಯಾಗಿ ಊರು ಬಿಟ್ಟ ಹೆಂಗಸರು. "ನಿಮ್ಮ ಮನೆಯಿಂದ ಯಾರು ವಲಸೆ ಹೋಗಿದ್ದಾರೆ?" ಎಂದು ಕೇಳಿದರೆ ಇವರ ಹೆಸರು ಯಾರೂ ಹೇಳುವುದಿಲ್ಲ, ಕೆಲವೊಮ್ಮೆ ಅವರೇ ಹೇಳುವುದಿಲ್ಲ. ಹಾಳೆಯಲ್ಲಿ ಮಾತ್ರ ಅವರು ತಪ್ಪಿಸಿಕೊಳ್ಳಲಾರರು.

ಒಂದು ಎಚ್ಚರಿಕೆ: ಒಂದು ಹೆಸರು ಬಂದಾಗ ಎಲ್ಲರೂ ಸುಮ್ಮನಾದರೆ ನೀವೂ ಸುಮ್ಮನಾಗಿ ಮುಂದಿನ ಹೆಸರಿಗೆ ಹೋಗಿ. ಓಡಿಹೋದವರು, ಮನೆಯಿಂದ ಹೊರಹಾಕಿಸಿಕೊಂಡವರು, ಅಕಾಲದಲ್ಲಿ ತೀರಿಕೊಂಡವರು ಅಲ್ಲಿರುತ್ತಾರೆ. ಗುಂಪಿನ ನಡುವೆ ಅದನ್ನು ಕೆದಕಬಾರದು.

ಹಂತ 7: "ಯಾಕೆ ಬಂದಿರಿ?" ಎಂದು ಕೇಳದೆ ಮಾತಾಡಿಸಿ

ಈಗ ಸಂದರ್ಶನಕ್ಕೆ ಬನ್ನಿ. "ಯಾಕೆ" ಎಂಬ ಪ್ರಶ್ನೆ ಕೇಳಿದ ತಕ್ಷಣ ಮನುಷ್ಯ ತನ್ನನ್ನು ಸಮರ್ಥಿಸಿಕೊಳ್ಳಲು ಶುರು ಮಾಡುತ್ತಾನೆ, ಎಲ್ಲರೂ ಒಪ್ಪುವ ಕಾರಣವನ್ನು ಮುಂದಿಡುತ್ತಾನೆ. ಅದಕ್ಕೇ ಎಂಬತ್ತು ಜನರಿಂದಲೂ "ಹೊಟ್ಟೆಪಾಡು" ಎಂಬ ಒಂದೇ ಮಾತು. "ಯಾಕೆ" ತೆಗೆದು ಅಲ್ಲಿ "ಹೇಗೆ", "ಯಾವತ್ತು", "ಯಾರು" ಇಡಿ.

ಹೊರಟ ದಿನದಿಂದ ಶುರು ಮಾಡಿ. ಆ ದಿನ ಬೆಳಗ್ಗೆ ಎದ್ದಾಗಿನಿಂದ ಏನೇನಾಯಿತು? ಚೀಲದಲ್ಲಿ ಏನಿತ್ತು? ಯಾರು ಕಳಿಸಿಕೊಡಲು ಬಂದರು, ಯಾರು ಬರಲಿಲ್ಲ? ಪ್ರಯಾಣದ ದುಡ್ಡು ಯಾರು ಕೊಟ್ಟರು, ಅದು ವಾಪಸು ಹೋಯಿತೇ? ಇಳಿದ ಮೇಲೆ ಮೊದಲ ರಾತ್ರಿ ಎಲ್ಲಿ ಮಲಗಿದಿರಿ? ಚೀಲದಲ್ಲಿ ಏನಿತ್ತೆಂಬ ಪ್ರಶ್ನೆ ಕ್ಷುಲ್ಲಕ ಅನಿಸಬಹುದು. ಎರಡು ವಾರಕ್ಕೆ ಬೇಕಾದಷ್ಟು ಬಟ್ಟೆ ಮಾತ್ರ ತಂದಿದ್ದೆ ಎಂದು ಹದಿನೈದು ವರ್ಷದಿಂದ ಅಲ್ಲಿರುವವರು ಹೇಳಿದರೆ, ಆ ವಲಸೆ ತೀರ್ಮಾನ ಮಾಡಿ ಹೊರಟದ್ದಲ್ಲ, ದಿನದಿನಕ್ಕೆ ಮುಂದೂಡುತ್ತಾ ಬಂದದ್ದು ಎಂದು ತಿಳಿಯುತ್ತದೆ.

"ಸಾಮಾನ್ಯವಾಗಿ ಊರಿಗೆ ದುಡ್ಡು ಕಳಿಸುತ್ತೀರಾ?" ಎಂದರೆ "ಹೌದು ಕಳಿಸ್ತೀವಿ" ಎಂಬಲ್ಲಿಗೆ ಮುಗಿಯಿತು. "ಹೋದ ಸಲ ಕಳಿಸಿದ್ದು ಯಾವತ್ತು? ಯಾರ ಹೆಸರಿಗೆ? ಕಳಿಸಿದ ಮೇಲೆ ಫೋನ್ ಮಾಡಿದಿರಾ? ಅವರು ಏನಂದರು?" ಹೀಗೆ ಕೊನೆಯ ಸಲ ನಡೆದದ್ದನ್ನೇ ಹಿಡಿದು ಕೇಳಿ. ಕೊನೆಯ ಸಲ ಕಳಿಸಿ ಎಂಟು ತಿಂಗಳಾಗಿದ್ದರೆ ಆ ಸಂಗತಿಯೂ ಆಗಲೇ ಹೊರಬೀಳುತ್ತದೆ.

ಮಾತಿನ ಜೊತೆಗೆ ಮೊದಲೇ ಇರುವ ಬರಹವನ್ನೂ ಕೇಳಿ ನೋಡಿ. ಪೋಲೆಂಡಿನಿಂದ ಅಮೆರಿಕಕ್ಕೆ ಹೋದ ರೈತರನ್ನು ಕುರಿತು ಸಮಾಜಶಾಸ್ತ್ರಜ್ಞರಾದ ಥಾಮಸ್ ಮತ್ತು ಜ್ನಾನಿಯೆಟ್ಸ್‌ಕಿ 1918ರಿಂದ 1920ರ ನಡುವೆ ಪ್ರಕಟಿಸಿದ ಅಧ್ಯಯನದ ದೊಡ್ಡ ಭಾಗ ನಿಂತಿದ್ದು ಕುಟುಂಬಗಳ ನಡುವೆ ಓಡಾಡಿದ ಕಾಗದಗಳ ಮೇಲೆ. ಸಂಶೋಧಕರಿಗೆಂದು ಬರೆಯದ ಬರಹವಾದ್ದರಿಂದ ಅವುಗಳಿಗೆ ಆ ತೂಕ ಇದೆ. ಇಂದು ಆ ಜಾಗದಲ್ಲಿ ವಾಟ್ಸ್‌ಆ್ಯಪ್ ಧ್ವನಿ ಸಂದೇಶಗಳಿವೆ. ಅವರೇ ತೋರಿಸಿದರೆ, ಅವರ ಎದುರಲ್ಲೇ ಕೇಳಿ. ಆದರೆ ಆ ಕಡೆ ಮಾತಾಡಿದವರೂ ಒಪ್ಪಬೇಕು ಎಂಬುದನ್ನು ಮರೆಯಬೇಡಿ. ನಿಮ್ಮ ಫೋನಿಗೆ ಕಳಿಸಿಕೊಳ್ಳುವುದು ಬೇಡ.

ಒಬ್ಬರ ಜೊತೆ ಒಂದೇ ದಿನ ಮೂರು ಗಂಟೆ ಕೂರುವುದಕ್ಕಿಂತ ಮೂರು ದಿನ ಒಂದೊಂದು ಗಂಟೆ ಕೂರಿ. ಮೊದಲ ದಿನದ ಮಾತು ಎರಡನೆಯ ದಿನ ಬದಲಾಗುತ್ತದೆ. ಆಗ ಸುಳ್ಳು ಹಿಡಿದೆ ಎಂದುಕೊಳ್ಳಬೇಡಿ, ಎರಡನ್ನೂ ಬರೆದಿಡಿ.

ಹಂತ 8: ಅದೇ ರಾತ್ರಿ ಬರೆಯಿರಿ

ಇಡೀ ಕೆಲಸ ಉಳಿಯುವುದೂ ಹಾಳಾಗುವುದೂ ಇಲ್ಲೇ. ಹಗಲು ಸಣ್ಣ ಪುಸ್ತಕದಲ್ಲಿ ಗೀಚಿದ ನಾಲ್ಕು ಪದಗಳನ್ನು ರಾತ್ರಿ ಮಲಗುವ ಮುಂಚೆ ಪೂರ್ತಿ ಬರಹ ಮಾಡಬೇಕು. ನಿದ್ದೆಯ ನಂತರ ಯಾರು ಮೊದಲು ಮಾತಾಡಿದರು, ಯಾವ ಪದ ಬಳಸಿದರು ಎಂಬುದು ಮಸುಕಾಗುತ್ತದೆ. ಎರಡು ದಿನವಾದರೆ ನಡೆದದ್ದು ಹೋಗಿ ಅದರ ಸಾರಾಂಶ ಮಾತ್ರ ಉಳಿಯುತ್ತದೆ. ಒಂದು ಗಂಟೆ ಕಂಡದ್ದನ್ನು ಬರೆಯಲು ಎರಡು ಗಂಟೆ ಬೇಕೆಂದು ಲೆಕ್ಕ ಇಟ್ಟುಕೊಂಡೇ ದಿನದ ಯೋಜನೆ ಹಾಕಿ. ಬರೆಯಲು ಹೊತ್ತಿಲ್ಲದಷ್ಟು ನೋಡಬೇಡಿ.

ಮಾದರಿಗೆಂದು ಒಂದೇ ಸಂಜೆಯ ಎರಡು ಟಿಪ್ಪಣಿ ಕಟ್ಟಿ ಕೊಡುತ್ತೇನೆ. ಮೊದಲನೆಯದು ನನ್ನ ಕೈಗೆ ಬರುವ ಬಹುಪಾಲು ನೋಟ್‌ಬುಕ್ಕುಗಳಲ್ಲಿರುವಂಥದ್ದು:

"ಸಂಜೆ ಕೆಲಸಗಾರರು ಮನೆಗೆ ಫೋನ್ ಮಾಡಿದರು. ಊರಿನ ಬಗ್ಗೆ ಅವರಿಗೆ ತುಂಬಾ ಹಂಬಲವಿದೆ. ಕುಟುಂಬದ ಜೊತೆಗಿನ ನಂಟು ಗಟ್ಟಿಯಾಗಿದೆ."

ಎರಡನೆಯದು:

"ಸಂಜೆ 7.40. ಶೆಡ್ಡಿನ ಹೊರಗೆ, ನೀರಿನ ಟ್ಯಾಂಕಿನ ಪಕ್ಕ. ಕ-4 ಸ್ಪೀಕರ್ ಹಾಕಿ ಹೆಂಡತಿ ಜೊತೆ ಮಾತಾಡುತ್ತಿದ್ದ. ಆಕೆ ಛಾವಣಿಗೆ ತಗಡು ಹಾಕಿಸುವುದೋ ಬೇಡವೋ ಎಂದು ಕೇಳಿದಳು. ಇವನು 'ಅಣ್ಣನ್ನ ಕೇಳು' ಅಂದ. ಆಕೆ 'ಅವರು ನಿಮ್ಮನ್ನ ಕೇಳು ಅಂದ್ರು' ಅಂದಳು. ಸ್ವಲ್ಪ ಹೊತ್ತು ಇಬ್ಬರೂ ಮಾತಾಡಲಿಲ್ಲ. ಆಮೇಲೆ ಇವನು ಸ್ಪೀಕರ್ ಆರಿಸಿ, ನನಗೆ ಬೆನ್ನು ಮಾಡಿ ನಿಂತ. ನಾನು ಎದ್ದು ಆಚೆ ಹೋದೆ. ಕ-7 ಹತ್ತಿರದಲ್ಲೇ ಬಟ್ಟೆ ಒಗೆಯುತ್ತಿದ್ದ, ತಲೆ ಎತ್ತಲಿಲ್ಲ. // ನನ್ನ ಅನಿಸಿಕೆ: ತೀರ್ಮಾನ ಮಾಡುವ ಹೊಣೆಯನ್ನು ಅಣ್ಣ ತಮ್ಮ ಇಬ್ಬರೂ ಒಬ್ಬರ ಮೇಲೊಬ್ಬರು ಹಾಕುತ್ತಿದ್ದಾರೆಯೇ? ದುಡ್ಡು ಇವನದು, ಮನೆ ಯಾರದ್ದು? ಊರಿಗೆ ಹೋದಾಗ ಅಣ್ಣನಿಂದ ತಿಳಿಯಬೇಕು."

ಮೊದಲನೆಯದರಲ್ಲಿ "ಹಂಬಲ", "ಗಟ್ಟಿ ನಂಟು" ಎಂಬುವು ಬರೆದವರ ತೀರ್ಪುಗಳು. ಆರು ತಿಂಗಳ ನಂತರ ಅವನ್ನು ಪರೀಕ್ಷಿಸಲು ದಾರಿಯೇ ಇಲ್ಲ. ಎರಡನೆಯದರಲ್ಲಿ ಹೊತ್ತು ಇದೆ, ಜಾಗ ಇದೆ, ಆಡಿದ ಮಾತು ಆಡಿದಂತೆಯೇ ಇದೆ, ಮೌನವೂ ಇದೆ. ಅನಿಸಿಕೆಯನ್ನು ಎರಡು ಗೆರೆ ಎಳೆದು ಬೇರೆ ಮಾಡಿದೆ. ಅದರಿಂದ ಮುಂದಿನ ಪ್ರಶ್ನೆ ಹುಟ್ಟಿದೆ, ಆ ಪ್ರಶ್ನೆ ಇನ್ನೊಂದು ತುದಿಗೆ ಕರೆದೊಯ್ಯುತ್ತಿದೆ. ಹೆಸರಿನ ಬದಲು ಸಂಕೇತ ಇದೆ. ಅವನು ಬೆನ್ನು ಮಾಡಿದಾಗ ಬರೆಯುವವರು ಎದ್ದು ಹೋದದ್ದನ್ನೂ ಗಮನಿಸಿ. ಅಲ್ಲಿಂದ ಮುಂದೆ ಕೇಳಿಸಿಕೊಳ್ಳುವ ಹಕ್ಕು ನಮಗಿಲ್ಲ.

ನಿಮ್ಮ ಸಿಟ್ಟು, ಬೇಸರ, ಒಂಟಿತನ ಬರೆಯಲು ಬೇರೆಯೇ ಪುಸ್ತಕ ಇರಲಿ. ಟ್ರೋಬ್ರಿಯಾಂಡ್ ದ್ವೀಪಗಳಲ್ಲಿ ಕೆಲಸ ಮಾಡಿದ ಮಾನವಶಾಸ್ತ್ರಜ್ಞ ಮಾಲಿನೋಸ್ಕಿ ಖಾಸಗಿ ದಿನಚರಿ ಇಟ್ಟಿದ್ದರು. ಅವರು ತೀರಿಕೊಂಡ ಬಹಳ ವರ್ಷಗಳ ಮೇಲೆ, 1967ರಲ್ಲಿ, ಅದು ಅಚ್ಚಾದಾಗ ದ್ವೀಪದ ಜನರ ಮೇಲೆ ಅವರು ಕಾರಿಕೊಂಡ ಅಸಹನೆ ಓದಿ ಹಲವರು ಬೆಚ್ಚಿದರು. ನನಗೆ ಅದರಿಂದ ಸಿಗುವ ಪಾಠ ಸರಳ: ಅಸಹನೆ ಎಲ್ಲರಿಗೂ ಬರುತ್ತದೆ. ಅದನ್ನು ಬೇರೆ ಕಡೆ ಬರೆದಿಟ್ಟರೆ, ಯಾವ ದಿನದ ಟಿಪ್ಪಣಿ ಯಾವ ಮನಸ್ಸಿನಲ್ಲಿ ಬರೆದದ್ದು ಎಂದು ಆಮೇಲೆ ಪಕ್ಕಪಕ್ಕದಲ್ಲಿಟ್ಟು ನೋಡಬಹುದು.

ಹಂತ 9: "ಬದಲಾಗಿದೆ" ಎಂದು ಬರೆಯುವ ಮುಂಚೆ ನಿಲ್ಲಿ

"ಮೊದಲೆಲ್ಲ ಹೀಗಿರಲಿಲ್ಲ" ಎಂಬ ಮಾತು ಪ್ರತಿ ಹಿರಿಯರ ಬಾಯಲ್ಲೂ ಬರುತ್ತದೆ. ಇದನ್ನೇ ಸಾಮಾಜಿಕ ಬದಲಾವಣೆಗೆ ಪುರಾವೆ ಎಂದು ತೆಗೆದುಕೊಂಡರೆ ಕೆಟ್ಟಿರಿ. ಹಿಂದಿನದು ಹೇಗಿತ್ತು ಎಂದು ನೀವು ನೋಡಿಲ್ಲ. ಆದ್ದರಿಂದ ಲೆಕ್ಕಕ್ಕೆ ಸಿಗುವ ಘಟನೆಗಳನ್ನು ಹಿಡಿಯಿರಿ. ಆ ಮನೆಯಲ್ಲಿ ನಡೆದ ಕೊನೆಯ ಐದು ಮದುವೆ, ಕೊನೆಯ ಮೂರು ಸಾವು. ಪ್ರತಿಯೊಂದಕ್ಕೂ ಯಾರು ಬಂದರು, ಖರ್ಚು ಯಾರು ಹೊತ್ತರು, ಕಾರ್ಯ ಎಷ್ಟು ದಿನ ನಡೆಯಿತು, ಗಂಡು ಹೆಣ್ಣು ನೋಡಿದವರು ಯಾರು. ಐದನ್ನೂ ಸಾಲಾಗಿ ಇಟ್ಟಾಗ ಬದಲಾವಣೆ ಇದ್ದರೆ ಕಾಣುತ್ತದೆ, ಯಾವ ವರ್ಷದ ಸುಮಾರಿಗೆ ತಿರುಗಿತು ಎಂಬುದೂ ಕಾಣುತ್ತದೆ.

ಕಂಡ ಮೇಲೂ ಅದನ್ನು ವಲಸೆಯ ತಲೆಗೆ ಕಟ್ಟುವ ಆತುರ ಬೇಡ. ವಲಸೆ ಹೋಗದ ಮನೆಗಳಲ್ಲೂ ಅದೇ ಬದಲಾವಣೆ ಆಗಿದ್ದರೆ ಕಾರಣ ಬೇರೆ ಎಲ್ಲೋ ಇದೆ. ಶಾಲೆ ಇರಬಹುದು, ರಸ್ತೆ ಇರಬಹುದು, ಫೋನ್ ಇರಬಹುದು. ಎರಡನೆಯ ಹಂತದಲ್ಲಿ ಉಳಿದವರನ್ನೂ ಮಾತಾಡಿಸಿ ಎಂದದ್ದು ಇದಕ್ಕಾಗಿಯೇ. ವಯಸ್ಸಿನ ಮಾತೂ ಇದೆ. ಹುಡುಗರು ಪೂಜೆ ಪ್ರಾರ್ಥನೆಗೆ ಬರುತ್ತಿಲ್ಲ ಎಂದರೆ ಆ ತಲೆಮಾರೇ ಬದಲಾಗಿದೆಯೋ, ಇಪ್ಪತ್ತರ ಹರೆಯದಲ್ಲಿ ಅವರ ಅಪ್ಪಂದಿರೂ ಹೀಗೇ ಇದ್ದರೋ? ಅಪ್ಪಂದಿರನ್ನೇ ಕೇಳಿ ನೋಡಿ.

ಇದಕ್ಕೆ ಎದುರಾದ ತಪ್ಪೂ ಇದೆ. ದುಡಿಮೆಯ ಊರಿನಲ್ಲಿ ಜನ ತಮ್ಮ ಹಾಡು, ಕುಣಿತ, ಸಂಘ ಉಳಿಸಿಕೊಂಡಿರುವುದು ಕಂಡು "ಸಂಸ್ಕೃತಿ ಹಾಗೆಯೇ ಉಳಿದಿದೆ" ಎಂದು ಬರೆದುಬಿಡುವುದು. ಮಧ್ಯ ಆಫ್ರಿಕದ ತಾಮ್ರದ ಗಣಿ ಪಟ್ಟಣಗಳಿಗೆ ದುಡಿಯಲು ಬಂದವರ ಕಲೆಲ ಎಂಬ ಕುಣಿತವನ್ನು ಮಾನವಶಾಸ್ತ್ರಜ್ಞ ಕ್ಲೈಡ್ ಮಿಚೆಲ್ 1956ರಲ್ಲಿ ವಿಶ್ಲೇಷಿಸಿದರು. ಹಾಡುಗಳಲ್ಲಿ ಬುಡಕಟ್ಟಿನ ಅಭಿಮಾನ ತುಂಬಿತ್ತು. ಆದರೆ ಪಟ್ಟಣದಲ್ಲಿ ಬುಡಕಟ್ಟಿನ ಹೆಸರು ಗುರುತಿಲ್ಲದ ಜನರ ನಡುವೆ ಯಾರು ನಮಗೆ ಹತ್ತಿರ, ಯಾರು ದೂರ ಎಂದು ವಿಂಗಡಿಸುವ ಹೊಸ ಕೆಲಸಕ್ಕೆ ಬಿದ್ದಿತ್ತು ಎಂದು ಅವರು ತೋರಿಸಿದರು. ಹೆಸರು ಹಳೆಯದು, ಬಳಕೆ ಹೊಸದು. ನಿಮ್ಮ ಕ್ಷೇತ್ರದಲ್ಲೂ ಒಂದು ಸಮಾರಂಭ ಕಂಡರೆ ಊರಿನಲ್ಲಿ ಹೇಗೆ ಮಾಡುತ್ತಾರೆ ಎಂಬುದಕ್ಕಿಂತ ಮೊದಲು ಇಲ್ಲಿ ಯಾರು ಯಾರನ್ನು ಕರೆದಿದ್ದಾರೆ, ಯಾರನ್ನು ಕರೆದಿಲ್ಲ, ಖರ್ಚು ಹೇಗೆ ಹಂಚಿಕೊಂಡರು ಎಂದು ನೋಡಿ.

ಹಂತ 10: ಅಪಾಯದ ಗುರುತುಗಳು

ವಾರಕ್ಕೊಮ್ಮೆ ಟಿಪ್ಪಣಿಯನ್ನು ಮೊದಲಿಂದ ಓದಿ. ಸತತ ಹತ್ತು ದಿನದ ಟಿಪ್ಪಣಿಯಲ್ಲಿ ಅದೇ ಇಬ್ಬರ ಸಂಕೇತಗಳು ಮಾತ್ರ ಕಾಣಿಸಿಕೊಂಡರೆ ನೀವು ಮಾತುಗಾರರ ಬಲೆಗೆ ಬಿದ್ದಿದ್ದೀರಿ. ಹೊರಗಿನವರ ಬಳಿ ಮೊದಲು ಬರುವವರು ಎಷ್ಟೋ ಸಲ ಗುಂಪಿನ ಅಂಚಿನಲ್ಲಿರುವವರು ಅಥವಾ ನಿಮ್ಮಿಂದ ಏನನ್ನೋ ನಿರೀಕ್ಷಿಸುವವರು. ಹೆಂಗಸರ ಮಾತೆಲ್ಲ ಗಂಡಸರ ಬಾಯಿಂದಲೇ ಬಂದಿದ್ದರೆ, ನೀವು ಹೋದ ತಕ್ಷಣ ಮಾತಿನ ವಿಷಯ ಬದಲಾಗುತ್ತಿದ್ದರೆ, ನಿಮ್ಮನ್ನು ಯಾವಾಗಲೂ ಕುರ್ಚಿಯ ಮೇಲೇ ಕೂರಿಸುತ್ತಿದ್ದರೆ ಸಂದರ್ಶನ ನಿಲ್ಲಿಸಿ ಐದನೆಯ ಹಂತಕ್ಕೆ ಹಿಂದಿರುಗಿ.

ಯಾರಾದರೂ ಸಾಲ ಕೇಳಿದರೆ ಏನು ಮಾಡಬೇಕು ಎಂಬುದಕ್ಕೆ ಎಲ್ಲರಿಗೂ ಹೊಂದುವ ಉತ್ತರ ನನ್ನ ಬಳಿ ಇಲ್ಲ. ಆಸ್ಪತ್ರೆಯ ಹೊತ್ತಿನಲ್ಲಿ ಕೊಟ್ಟಿದ್ದೇನೆ, ವಾಪಸು ಕೇಳಿಲ್ಲ. ಮಾತಿಗೆ ಪ್ರತಿಯಾಗಿ ಮಾತ್ರ ಎಂದೂ ಕೊಟ್ಟಿಲ್ಲ. ಏನೇ ಮಾಡಿದರೂ ಆ ದಿನದ ಟಿಪ್ಪಣಿಯಲ್ಲಿ ಬರೆಯಿರಿ. ಆಮೇಲೆ ಅವರು ಹೇಳಿದ ಮಾತನ್ನು ತೂಗುವಾಗ ಅದು ಬೇಕಾಗುತ್ತದೆ.

ಹಂತ 11: ಟಿಪ್ಪಣಿ ಕಾಪಾಡಿ, ಸರಿಯಾಗಿ ಹೊರಡಿ

ಮೈಸೂರು ಸೀಮೆಯ ಹಳ್ಳಿ ರಾಂಪುರದಲ್ಲಿ 1948ರಲ್ಲಿ ಕ್ಷೇತ್ರಕಾರ್ಯ ಮಾಡಿದ ಸಮಾಜಶಾಸ್ತ್ರಜ್ಞ ಎಂ. ಎನ್. ಶ್ರೀನಿವಾಸರು ವರ್ಷಗಟ್ಟಲೆ ಕೂತು ವಿಂಗಡಿಸಿದ ಟಿಪ್ಪಣಿಗಳು 1970ರ ಏಪ್ರಿಲ್‌ನಲ್ಲಿ ಸ್ಟ್ಯಾನ್‌ಫರ್ಡ್‌ನಲ್ಲಿ ಯಾರೋ ಇಟ್ಟ ಬೆಂಕಿಗೆ ಸುಟ್ಟುಹೋದವು. ಅವರು ನೆನಪನ್ನೇ ಆಧಾರ ಮಾಡಿಕೊಂಡು ಆ ಊರಿನ ಬಗ್ಗೆ ಬರೆದರು. ಆ ಶಕ್ತಿ ನಮ್ಮಲ್ಲಿ ಎಷ್ಟು ಜನರಿಗಿದೆ? ಪ್ರತಿ ಭಾನುವಾರ ಟಿಪ್ಪಣಿಯ ಎರಡು ಪ್ರತಿ ಮಾಡಿ, ಎರಡು ಬೇರೆ ಜಾಗದಲ್ಲಿಡಿ. ಕೈಬರಹದ ಪುಟಗಳ ಫೋಟೊ ತೆಗೆಯಿರಿ. ಸಂಕೇತ ಯಾರದ್ದು ಎಂದು ತಿಳಿಸುವ ಪಟ್ಟಿಯನ್ನು ಮಾತ್ರ ಟಿಪ್ಪಣಿಯ ಜೊತೆ ಇಡಬೇಡಿ. ಅದು ಬೇರೆ ಊರಿನಲ್ಲಿ, ಬೀಗದೊಳಗೆ ಇರಲಿ.

ಹೆಸರು ಬದಲಾಯಿಸಿದರೆ ಗುರುತು ಮರೆಯಾಯಿತು ಎಂದುಕೊಳ್ಳಬೇಡಿ. "ಮೂವರು ಹೆಣ್ಣುಮಕ್ಕಳಿರುವ, ಎಡಗೈ ಮುರಿದ ಮೇಸ್ತ್ರಿ" ಎಂದರೆ ಅವರ ಊರಿನಲ್ಲಿ ಎಲ್ಲರಿಗೂ ಗೊತ್ತಾಗುತ್ತದೆ. ನಿಮ್ಮ ಬರಹವನ್ನು ಮೊದಲು ಓದುವವರು ಅಲ್ಲಿನ ಓದಿದ ಹುಡುಗರೇ.

ಹೊರಡುವ ದಿನವನ್ನು ಎರಡು ವಾರ ಮುಂಚೆಯೇ ಎಲ್ಲರಿಗೂ ಹೇಳಿ. ನೀವು ಹೋಗುತ್ತೀರೆಂದು ಗೊತ್ತಾದ ಮೇಲೆ ಕೆಲವರು ತಾವಾಗಿ ಬಂದು, ಅಷ್ಟು ದಿನ ಹೇಳದ್ದನ್ನು ಹೇಳುತ್ತಾರೆ. ಅದಕ್ಕೆ ಹೊತ್ತು ಇಟ್ಟುಕೊಳ್ಳಿ. ತೆಗೆದ ಫೋಟೊಗಳನ್ನು ಮುದ್ರಿಸಿ ಅವರವರ ಕೈಗೆ ಕೊಡಿ. ಫೋನಿಗೆ ಕಳಿಸಿದ್ದು ಫೋನಿನ ಜೊತೆ ಕಳೆದುಹೋಗುತ್ತದೆ. ಆರು ತಿಂಗಳ ನಂತರ ಕರಡು ಹಿಡಿದುಕೊಂಡು ಮತ್ತೆ ಹೋಗಿ, ಅವರ ಬಗ್ಗೆ ಬರೆದ ಭಾಗವನ್ನು ಅವರ ಮಾತಿನಲ್ಲೇ ಗಟ್ಟಿಯಾಗಿ ಓದಿ ಹೇಳಿ. "ಇದು ಬೇಡ" ಎಂದದ್ದನ್ನು ಅಲ್ಲೇ, ಅವರ ಕಣ್ಣೆದುರಲ್ಲೇ ಹೊಡೆದುಹಾಕಿ.